ಬಾಣಂತಿ ವಾರ್ಡಿನ ಬಟ್ಟೆ

ಲಕೋಟೆಗೆ ಅರಿಷಿಣ ಕುಂಕುಮ ಹಚ್ಚಿದ್ದು ತಪ್ಪಾಯಿತು. ಇಷ್ಟೇ ಕೇಸು. ಮಿಕ್ಕಿದ್ದೆಲ್ಲ ಕರಿ ಕೋಟಿನವರು ಕಟ್ಟಿದ ಕಾಗದದ ಗಂಟು.

ಹಚ್ಚಿದವಳು ಶಿವವ್ವ. ಮುದ್ದೇಬಿಹಾಳದ ಕಡೆಯವಳು, ಅಗಸರ ಪೈಕಿ. ಗೋವೆಯ ಉಸಗಾಂವದಲ್ಲಿ ತಗಡು ಹೊದೆಸಿದ ಮನೆ. ಗಂಡ ಪರಮಣ್ಣ ಅದಿರಿನ ಗಣಿಯಲ್ಲಿ ದುಡಿಯುತ್ತಿದ್ದ. ಗಣಿ ನಿಂತಿತು, ಸ್ವಲ್ಪ ದಿನಕ್ಕೆ ಅವನ ಎದೆಯೂ ನಿಂತಿತು. ಅದಕ್ಕೂ ಎಷ್ಟೋ ಮೊದಲಿನಿಂದ ಶಿವವ್ವ ಒಂದು ಸರ್ಕಾರಿ ದವಾಖಾನೆಯ ಬಟ್ಟೆ ಒಗೆಯುತ್ತಿದ್ದಳು. ಯಾವ ದವಾಖಾನೆ ಎಂದು ಕೇಳಬೇಡಿ. ಹೆಸರು ಹೇಳಿದರೆ ಅದಕ್ಕೂ ಒಂದು ಕೇಸು ಬಿದ್ದೀತು. ಇರುವ ಒಂದರಲ್ಲೇ ಸಾಕುಸಾಕಾಗಿದೆ.

ಊರಲ್ಲಿ ಶಿವವ್ವನ ಅವ್ವ ಮನೆಮನೆಯ ಬಾಣಂತಿ ಬಟ್ಟೆ, ಮುಟ್ಟಿನ ಬಟ್ಟೆ, ಹೆಣದ ಮೈಮೇಲಿನ ಬಟ್ಟೆ ಒಗೆಯುತ್ತಿದ್ದಳು. ಸಂಜೆ ಬುಟ್ಟಿ ಹಿಡಿದು ಅದೇ ಮನೆಗಳ ಹಿತ್ತಲ ಬಾಗಿಲಿಗೆ ಹೋಗಿ ನಿಂತರೆ ರೊಟ್ಟಿ ಬೀಳುತ್ತಿತ್ತು. ಕೊಡುತ್ತಿರಲಿಲ್ಲ, ಎಸೆಯುತ್ತಿದ್ದರು. ಬುಟ್ಟಿಗೆ ಕೈ ತಾಗಬಾರದಲ್ಲ! ಆ ರೊಟ್ಟಿ ತಿಂದೇ ಶಿವವ್ವ ಬೆಳೆದಳು, ತಿನ್ನುತ್ತಲೇ ಶಪಥ ಮಾಡಿದಳು: ಏನಾದರೂ ಮಾಡಿಯೇನು, ಇದನ್ನು ಮಾಡಲಾರೆ. ಮದುವೆಯಾದದ್ದೇ ಘಟ್ಟ ಇಳಿದು ಗೋವೆಗೆ ಬಂದಳು. ಬಂದು ಮಾಡಿದ್ದೇನು? ಬಾಣಂತಿ ಬಟ್ಟೆ ಒಗೆದದ್ದು. ಊರಲ್ಲಾದರೆ ಒಂದು ಓಣಿಯದು, ಇಲ್ಲಿ ಇಡೀ ತಾಲ್ಲೂಕಿನದು.

ದವಾಖಾನೆಯ ಹಿಂದೆ ಶವಾಗಾರ, ಶವಾಗಾರದ ಹಿಂದೆ ಒಗೆಯುವ ಕಟ್ಟೆ. ನಾಲ್ಕು ಸಿಮೆಂಟಿನ ಟಾಕಿ, ಸಾಲಾಗಿ ಕಲ್ಲು. ಬಟ್ಟೆ ಒಗೆಯುವ ಯಂತ್ರವೊಂದು ಮೂಲೆಯಲ್ಲಿ ತುಕ್ಕು ಹಿಡಿದು ಕೂತಿತ್ತು. ಬೆಳಗಾದರೆ ವಾರ್ಡುಗಳಿಂದ ಗಂಟು ಬರುತ್ತಿತ್ತು. ಗಂಟು ಬಿಚ್ಚಿದರೆ ರಕ್ತ, ಕೀವು, ಹೇಲು, ವಾಂತಿ. ಕೆಲವು ಸಲ ಹೆರಿಗೆಯ ಮಾಸು ಹಾಗೇ ಸುತ್ತಿಕೊಂಡು ಬರುತ್ತಿತ್ತು. ಬರಿಗೈ. ಬ್ಲೀಚಿಂಗ್ ಪುಡಿಯ ನೀರಲ್ಲಿ ಮೊಳಕೈವರೆಗೆ ಮುಳುಗಿಸಿ ತಿಕ್ಕಬೇಕು. ಉಗುರಿನ ಸಂದು ಒಡೆಯುತ್ತಿತ್ತು, ಕೈಯ ಚರ್ಮ ಸುಲಿಯುತ್ತಿತ್ತು. ಮನೆಗೆ ಹೋಗಿ ಉಣ್ಣುವಾಗ ಖಾರ ತಾಗಿದರೆ ಜೀವ ಹೋದಂತಾಗುತ್ತಿತ್ತು. ಕಟ್ಟೆಯಲ್ಲಿ ಒಗೆಯುವ ಹೆಂಗಸರೆಲ್ಲ ಚಮಚದಲ್ಲಿ ಉಣ್ಣುತ್ತಿದ್ದರು. ನೋಡಿದವರು ನಗುತ್ತಿದ್ದರು, ಅಗಸರವರಿಗೆ ಮೇಮ್‌ಸಾಬರ ಚಾಳಿ ಬಂದಿದೆ ಎಂದು.

ಈ ಕೆಲಸದ ಗುತ್ತಿಗೆ ಶೇಟನದು. ಎಲ್ಲರೂ ಅವನನ್ನು ಕರೆಯುವುದೇ ಹಾಗೆ. ಅವನು ಕಟ್ಟೆಯ ಕಡೆ ಬರುತ್ತಿದ್ದುದು ಅಪರೂಪ. ಬಂದರೂ ಮೂಗಿಗೆ ಕರವಸ್ತ್ರ. ದಿನಾ ನಿಂತು ದುಡಿಸುತ್ತಿದ್ದವನು ಮುಕಾದಮ ಭೀಮಶಿ. ಇವನು ಶಿವವ್ವನ ಊರಿನವನೇ, ಗೌಡರ ಮನೆತನ. ಇವನು ಹುಟ್ಟಿದಾಗಿನ ಬಟ್ಟೆ ಒಗೆದವಳೂ ಶಿವವ್ವನ ಅವ್ವನೇ. ಗೋವೆಯವರ ಬಾಯಲ್ಲಿ ಇವನೂ ಘಾಂಟಿ, ಅವಳೂ ಘಾಂಟಿ. ಘಟ್ಟದ ಮೇಲಿಂದ ಬಂದವರಿಗೆಲ್ಲ ಒಂದೇ ಬೈಗುಳ. ಆದರೆ ಭೀಮಶಿ ಘಟ್ಟ ಇಳಿಯುವಾಗ ಗೌಡಕಿಯನ್ನು ಮೇಲೆ ಬಿಟ್ಟು ಬಂದಿರಲಿಲ್ಲ. ಗಂಟನ್ನು ಕಾಲಿನಿಂದ ತಳ್ಳುತ್ತಿದ್ದ. ಹೆಂಗಸರು ಅವನನ್ನು ಗೌಡ್ರ ಎಂದೇ ಕರೆಯಬೇಕಿತ್ತು.

ದ್ರಾಕ್ಷಾಯಿಣಿಗೆ ಸೂಜಿ ಚುಚ್ಚಿದ್ದು ಆ ಕಾಲದಲ್ಲಿ. ಅವಳು ಗುಂಪಿನಲ್ಲಿ ಎಲ್ಲರಿಗಿಂತ ಚಿಕ್ಕವಳು, ಬಾಯಿ ಮಾತ್ರ ಎಲ್ಲರಿಗಿಂತ ದೊಡ್ಡದು. ಚಾದರಿನ ಮಡಿಕೆಯಲ್ಲಿ ಯಾರೋ ಬಿಟ್ಟ ಸೂಜಿ ಅಂಗೈಗೆ ನೆಟ್ಟಿತು. ಯಾವ ರೋಗಿಗೆ ಚುಚ್ಚಿದ್ದೋ, ಯಾರಿಗೆ ಗೊತ್ತು! ಅವಳು ರಕ್ತ ಸೋರುವ ಕೈ ಹಿಡಿದುಕೊಂಡೇ ಶೇಟನ ಕಾರಿನ ಮುಂದೆ ಹೋಗಿ ನಿಂತಳು.

"ಶೇಟ್ರ, ಸೂಜಿ ಚುಚ್ಚೇತ್ರಿ. ನಮಗ ಕೈಗೆ ಹಾಕ್ಕೊಳ್ಳಾಕ ಗ್ಲೌಸ್ ಕೊಡ್ರಿ ಅಂತ ಎಷ್ಟ್ ಸಲ ಹೇಳೀವ್ರಿ?"

ಶೇಟ ಗಾಜು ಇಳಿಸಿದ. ಮುರುಕು ಕನ್ನಡದಲ್ಲಿ ಹೇಳಿದ, ಎಲ್ಲರಿಗೂ ಕೇಳುವಂತೆ ಹೇಳಿದ: "ನಿನ್ನ ಗಂಡ ಲಾರಿ ಮ್ಯಾಲೆ ಊರೂರು ತಿರುಗ್ತಾನೆ. ಅವನು ಏನು ರೋಗ ತಂದಾನೆ, ಮೊದಲು ಅದು ನೋಡು. ಆಮೇಲೆ ನನ್ನ ಸೂಜಿ."

ಹೇಳಿ ನಕ್ಕ. ಶೇಟ ನಕ್ಕನೆಂದು ಭೀಮಶಿಯೂ ನಕ್ಕ.

ರಕ್ತ ತಪಾಸಣೆಯಾಗಿ ಏನೂ ಇಲ್ಲ ಎಂದು ಗೊತ್ತಾಗಲು ತಿಂಗಳುಗಳೇ ಹಿಡಿದವು. ಅಲ್ಲಿಯವರೆಗೆ ದ್ರಾಕ್ಷಾಯಿಣಿ ತನ್ನ ಕೂಸಿಗೆ ಒಂದು ಮುತ್ತು ಕೊಡಲಿಲ್ಲ. ಕೂಸು ಕೈ ಚಾಚಿದರೆ ಗೋಡೆಯ ಕಡೆ ತಿರುಗಿ ಕೂರುತ್ತಿದ್ದಳು. ಅದನ್ನು ನೋಡಿ ನೋಡಿ ಶಿವವ್ವನ ಹೊಟ್ಟೆಯಲ್ಲಿ ಕೆಂಡ ಬಿತ್ತು. ಟೆಂಡರು, ಸಂಘ, ಕೋರ್ಟು, ಎಲ್ಲವೂ ಹುಟ್ಟಿದ್ದು ಆ ಕೆಂಡದಿಂದ.

ಸಂಘ ಮಾಡಿಕೊಂಡರು. ಕಟ್ಟೆಯ ಹೆಂಗಸರಷ್ಟೂ ಸೇರಿದರು. ಅಗಸರವರು ಹೆಚ್ಚು, ಜೊತೆಗೆ ಲಂಬಾಣಿಯ ಹೇಮಿಬಾಯಿ. ಬೀಚಿನಲ್ಲಿ ಕನ್ನಡಿ ಹೊಲಿದ ಚೀಲ ಮಾರುತ್ತಿದ್ದವಳು, ಅಲ್ಲಿಂದ ಓಡಿಸಿದ ಮೇಲೆ ಇಲ್ಲಿಗೆ ಬಂದಿದ್ದಳು. ಶಿವವ್ವನ ಮಗಳು, ಆಗಷ್ಟೇ ಮದುವೆಯಾಗಿದ್ದ ಗೀತಾಂಜಲಿ, ಹನ್ನೆರಡನೆಯ ಇಯತ್ತೆ ಪಾಸಾದವಳು. ಅವಳೇ ಕಾಗದ ತುಂಬಿದಳು. ದೊಡ್ಡ ಟೆಂಡರುಗಳೆಲ್ಲ ಕಂಪ್ಯೂಟರಿನಲ್ಲಿ ನಡೆಯುತ್ತವೆ, ಆದರೆ ಈ ದವಾಖಾನೆಯ ಬಟ್ಟೆ ಒಗೆಯುವಂಥ ಸಣ್ಣ ಕೆಲಸಕ್ಕೆ ಇನ್ನೂ ಲಕೋಟೆ, ಅರಗು, ಪೆಟ್ಟಿಗೆ.

"ಯವ್ವಾ, ಲಕೋಟಿ ಮ್ಯಾಲ ಕೆಲಸದ ಹೆಸರೊಂದ ಬರೀಬೇಕಂತ. ಬ್ಯಾರೆ ಏನೂ ಗುರುತು ಇರಬಾರದಂತ," ಎಂದು ಗೀತಾ ಓದಿ ಹೇಳಿದಳು.

"ಯಾರ ಗುರುತು ಮಾಡಾಕತ್ತಾರ? ತಗಿ," ಎಂದಳು ಶಿವವ್ವ.

ಗೀತಾ ಬಸ್ಸಿಗೆ ಹೊತ್ತಾಯಿತೆಂದು ಸೀರೆ ಉಡಲು ಒಳಗೆ ಹೋದಳು. ಹೆಂಗಸರು ಲಕೋಟೆಯನ್ನು ಮಾಚಿದೇವರ ಫೋಟೋದ ಮುಂದೆ ಇಟ್ಟರು. ಹೊಸ ಗಡಿಗೆ ತಂದರೆ ಇಡುತ್ತಾರೆ, ಹೊಸ ಸೈಕಲ್ಲು ತಂದರೆ ಇಡುತ್ತಾರೆ, ಮಕ್ಕಳ ಹೊಸ ಪಾಟಿ ಪುಸ್ತಕ ಇಡುತ್ತಾರೆ. ಇದೂ ಹೊಸದೇ. ಶಿವವ್ವ ಅರಿಷಿಣ ಹಚ್ಚಿದಳು, ಅದರ ಮೇಲೆ ಕುಂಕುಮ ಇಟ್ಟಳು. ಒಬ್ಬೊಬ್ಬರೂ ಬೆರಳು ಮುಟ್ಟಿಸಿ ಕಣ್ಣಿಗೊತ್ತಿಕೊಂಡರು. ಗೀತಾ ಹೊರಗೆ ಬಂದು ನೋಡಿ ಹಣೆ ಹಣೆ ಬಡಿದುಕೊಂಡಳು.

"ಗುರುತು ಇರಬಾರದು ಅಂತ ಈಗ ಹೇಳಿದ್ನಲ್ಲಬೇ!"

"ಕುಂಕುಮ ಗುರುತೇನ? ಕುಂಕುಮ ಇಡದ ಯಾವ ಚಲೋ ಕೆಲಸಾ ಆಗೇತಿ ಹೇಳು?" ಎಂದಳು ಹೇಮಿಬಾಯಿ.

ಇನ್ನೊಂದು ಲಕೋಟೆ ತಂದು ಅರಗು ಹಾಕಲು ಹೊತ್ತಿರಲಿಲ್ಲ. ಹಾಗೇ ಒಯ್ದು ಪೆಟ್ಟಿಗೆಗೆ ಹಾಕಿದರು.

ಎಲ್ಲರಿಗಿಂತ ಕಡಿಮೆ ದರ ಸಂಘದ್ದೇ ಆಗಿತ್ತು. ಕೆಲಸ ಸಿಕ್ಕಿತು. ಅಯ್ಯೋ, ಆ ಎರಡು ತಿಂಗಳು! ಮೊದಲ ದಿನವೇ ಗ್ಲೌಸು ತಂದರು, ಮೊಳಕಾಲುದ್ದದ ಬೂಟು ತಂದರು. ವಾರ್ಡಿಗೆ ಹೋಗಿ ನರ್ಸುಗಳ ಮುಂದೆ ನಿಂತು, ಸೂಜಿ ಬಟ್ಟೆಯಲ್ಲಿ ಬಂದರೆ ಗಂಟು ವಾಪಸ್ಸು ಎಂದು ಶಿವವ್ವ ಬಾಯಿ ಬಿಟ್ಟು ಹೇಳಿದಳು. ಆಮೇಲೆ ಒಂದು ಸೂಜಿಯೂ ಬರಲಿಲ್ಲ. ಕಟ್ಟೆಯ ಗೋಡೆಯ ಮೇಲೆ ಸಂಘದ ಹೆಸರು ಬರೆಸಿದರು. ಬರೆದದ್ದು ಓದಲು ಬಾರದ ಹೇಮಿಬಾಯಿ ದಿನಾ ಬಂದವಳು ಅದರ ಮುಂದೆ ಒಂದು ಗಳಿಗೆ ನಿಂತೇ ಮುಂದೆ ಹೋಗುತ್ತಿದ್ದಳು. ಒಗೆಯುವುದು ಅದೇ ರಕ್ತ, ಅದೇ ಹೇಲು. ಆದರೆ ಕಾಲಿನಿಂದ ಗಂಟು ತಳ್ಳುವವರಿರಲಿಲ್ಲ. ಶಿವವ್ವನ ಅಂಗೈಯಲ್ಲಿ ಹೊಸ ಚರ್ಮ ಬಂತು. ಒಂದು ಮಧ್ಯಾಹ್ನ ಡಬ್ಬಿ ಬಿಚ್ಚಿ ಎಲ್ಲರೂ ಕೈಯಲ್ಲೇ ಉಂಡರು. ಖಾರ ತಾಗಿತು, ಉರಿಯಲಿಲ್ಲ. ದ್ರಾಕ್ಷಾಯಿಣಿ ಉಣ್ಣುತ್ತಾ ಅತ್ತುಬಿಟ್ಟಳು.

ಅಷ್ಟರಲ್ಲಿ ಶೇಟ ಕೋರ್ಟಿಗೆ ಹೋದ.

ಪರ್ವರಿಯ ದೊಡ್ಡ ಕೋರ್ಟಿಗೆ ಬಸ್ಸು ಬದಲಿಸಿ ಹೋಗಬೇಕು. ಹೇಮಿಬಾಯಿಯ ಗಂಡ ದೇವಲಪ್ಪ ಆ ಕಡೆಯ ಕಟ್ಟಡಗಳಿಗೆ ವರ್ಷಗಟ್ಟಲೆ ಕಲ್ಲು ಹೊತ್ತವನು. ಹೆಂಡತಿ ಕೋರ್ಟಿನೊಳಗೆ ಬೆಂಚಿನ ಮೇಲೆ ಕೂರುತ್ತಾಳೆ ಎಂದರೆ ಅವನಿಗೆ ನಂಬಿಕೆಯೇ ಬರಲಿಲ್ಲ. ಸಂಘದ ಪರವಾಗಿ ಅನೀಸ ವಕೀಲರು ನಿಂತರು. ಹುಬ್ಬಳ್ಳಿ ಮೂಲದ ಹುಡುಗ, ಇಲ್ಲಿಯೇ ಓದಿದವನು, ಮುಖದಲ್ಲಿ ಇನ್ನೂ ಕಾಲೇಜಿನ ಕಳೆ. ಇಂಗ್ಲಿಷಿನಲ್ಲಿ ವಾದ ಮಾಡಿ, ಕೂತಾಗ ಬಗ್ಗಿ ಶಿವವ್ವನ ಕಿವಿಯಲ್ಲಿ ಕನ್ನಡ ಮಾಡಿ ಹೇಳುತ್ತಿದ್ದ.

ಶೇಟನ ವಕೀಲರು ಎದ್ದು ನಿಂತರು. ಪೆಟ್ಟಿಗೆಯಲ್ಲಿ ಐದು ಲಕೋಟೆಗಳಿದ್ದವು ಸ್ವಾಮಿ, ಎಂದರು. ನಾಲ್ಕು ಸ್ವಚ್ಛ. ಒಂದಕ್ಕೆ ಮಾತ್ರ ಹಳದಿ ಕೆಂಪು ಬಳಿದಿತ್ತು. ಬಿಚ್ಚುವವನಿಗೆ ಅದು ಯಾರದೆಂದು ಗೊತ್ತಾಗಲು ಓದಬೇಕೇ? ಇಂಥ ಕೆಲಸ ಇಂಥ ಜನ ಬಿಟ್ಟು ಬೇರೆ ಯಾರು ಮಾಡುತ್ತಾರೆ?

"ಇಂಥಾ ಮಂದಿ ಅಂದ್ರ?" ಎಂದು ಶಿವವ್ವ ಕೇಳಿದಳು.

ಅದನ್ನು ಬಿಡಿಸಿ ಹೇಳದೆ ಅನೀಸ ಎದ್ದು ನಿಂತು ನ್ಯಾಯಾಧೀಶರಿಗೆ ಉತ್ತರ ಕೊಟ್ಟ. ಅದು ಇವರ ಪದ್ಧತಿ, ಹೊಸದೇನು ಬಂದರೂ ಪೂಜೆ ಮಾಡುತ್ತಾರೆ, ಇದರಲ್ಲಿ ಮೋಸವಿಲ್ಲ, ಲಕೋಟೆ ಬಿಚ್ಚಿದ್ದು ಎಲ್ಲರ ಮುಂದೆ, ಕಡಿಮೆ ದರ ಕಡಿಮೆ ದರವೇ ಎಂದ. ಅವನ ಕತ್ತಿನ ನರ ಉಬ್ಬಿತ್ತು. ನ್ಯಾಯಾಧೀಶರು ಕೇಳಲಿಲ್ಲ ಎನ್ನುವಂತಿಲ್ಲ. ತಲೆದೂಗಿ ಕೇಳಿದರು. ಮಧ್ಯದಲ್ಲಿ ಒಮ್ಮೆ ಶಿವವ್ವನ ಕಡೆ ನೋಡಿದರು ಕೂಡ. ಅವಳು ಎದ್ದು ಕೈ ಮುಗಿದಳು. ಕೂರಿ ಎಂದು ಪೊಲೀಸನೊಬ್ಬ ಗದರಿಸಿದ.

ತೀರ್ಪು ಬಂತು. ಯಾರೂ ಮೋಸ ಮಾಡಿಲ್ಲ. ಆದರೆ ಗುರುತು ಇರಬಾರದೆಂಬುದು ಗಟ್ಟಿ ಶರತ್ತು, ಇಂದು ಒಬ್ಬರಿಗೆ ಸಡಿಲ ಮಾಡಿದರೆ ನಾಳೆ ಎಲ್ಲರಿಗೂ ಮಾಡಬೇಕು. ಟೆಂಡರು ರದ್ದು. ಹೊಸದಾಗಿ ಕರೆಯಿರಿ. ರೋಗಿಗಳಿಗೆ ತೊಂದರೆ ಆಗಬಾರದು, ಅಲ್ಲಿಯವರೆಗೆ ಹಳೆಯ ಗುತ್ತಿಗೆದಾರನೇ ನಡೆಸಲಿ.

ಹೊರಗೆ ಬಂದು ಮರದ ಕೆಳಗೆ ನಿಂತರು. ಶಿವವ್ವ ಅನೀಸನ ಕಡೆ ತಿರುಗಿದಳು.

"ಸಾಹೇಬ್ರ, ನಾವು ಚಲೋ ಒಗದ್ವಿ ಅಂತ ಹೇಳಿದ್ರಿಲ್ಲ?"

"ಅದು ಇಲ್ಲಿ ಬರೂದಿಲ್ರೀ ಅವ್ವಾರ. ಅಡಗಿ ರುಚಿ ಆಗೇತೋ ಇಲ್ಲೋ, ಈ ಕೋರ್ಟ್ ನೋಡೂದಿಲ್ಲ. ಒಲಿ ನೇಮದ ಪ್ರಕಾರ ಹಚ್ಚೀರೋ ಇಲ್ಲೋ, ಅಷ್ಟ ನೋಡತಾರ."

"ಸೂಜಿ ಚುಚ್ಚಿದ್ದು?"

"ಅದೂ ಇಲ್ಲಿ ಬರೂದಿಲ್ರಿ."

"ಮತ್ತೆಲ್ಲಿ ಬರತೈತ್ರೀ?" ಎಂದು ದ್ರಾಕ್ಷಾಯಿಣಿ ಸಿಡಿದಳು. "ಎಲ್ಲಿ ಬರತೈತಿ ಹೇಳ್ರಿ, ಅಲ್ಲಿಗೇ ಹೋಗೂಣು."

ಅನೀಸ ಫೈಲಿನ ದಾರ ಬಿಗಿಯುತ್ತಾ ನಿಂತ. ಅವನ ಕಣ್ಣಲ್ಲೂ ನೀರಿತ್ತು. ಬೇರೆ ಕೇಸು ಹಾಕಬೇಕು ಎಂದ. ಆ ಹುಡುಗನನ್ನು ಬೈದು ಏನು ಮಾಡುವುದು! ಹೆಂಗಸರು ಬಸ್ಸಿಗೆ ಹೋದರು.

ಕಟ್ಟೆಯ ಗೋಡೆಯ ಮೇಲಿನ ಹೆಸರಿಗೆ ಸುಣ್ಣ ಬಿತ್ತು. ಶೇಟ ಬೇರೆ ಕಡೆಯಿಂದ ಗಂಡಾಳುಗಳನ್ನು ತಂದು ನಿಲ್ಲಿಸಿದ. ಅವರು ಬಾಣಂತಿ ವಾರ್ಡಿನ ಗಂಟು ಬಿಚ್ಚಿ ನೋಡಿದವರೇ ವಾಂತಿ ಮಾಡಿಕೊಂಡರು. ಒಬ್ಬೊಬ್ಬರಾಗಿ ಜಾಗ ಖಾಲಿ ಮಾಡಿದರು. ಗಂಟುಗಳು ಶವಾಗಾರದ ಗೋಡೆಗೆ ಒರಗಿ ಬೆಳೆಯತೊಡಗಿದವು.

ಹೊಸ ಟೆಂಡರಿನ ಶರತ್ತುಗಳು ಬಂದವು. ತುಂಬಿದ ಬಸುರಿ ಗೀತಾ ಚೊಚ್ಚಲ ಹೆರಿಗೆಗೆ ತವರಿಗೆ ಬಂದಿದ್ದಳು. ಅವಳ ಗಂಡ ಬಾಳುವಿನದು ವೆರ್ಣಾದಲ್ಲಿ ಕಾರ್ಖಾನೆಯ ಪಾಳಿ ಕೆಲಸ. ಗೋಡೆಗೆ ಬೆನ್ನು ಕೊಟ್ಟು ಕಾಲು ಚಾಚಿ ಕೂತು ಗೀತಾ ಫೋನಿನಲ್ಲಿ ಓದಿದಳು.

"ಸ್ವಂತ ಹೆಸರಿನ್ಯಾಗ ಮೂರು ವರ್ಷ ದವಾಖಾನಿ ಬಟ್ಟಿ ಒಗದ ಅನುಭವ ಇರಬೇಕಂತ. ಇದು ಹೊಸಾದು. ಹೋದ ಸಲ ಇರಲಿಲ್ಲ."

"ಇರಲಿ ತಗೋ. ಒಗಿಯಾಕ ಹತ್ತಿ ಕೈ ಸವದು ಹೋಗ್ಯಾವ ನಮ್ಮವು," ಎಂದಳು ಹೇಮಿಬಾಯಿ.

"ಅದು ನಿಂದಲ್ಲ ಅತ್ತಿ. ಅದು ಶೇಟನ ಅನುಭವ."

ಯಾರಿಗೂ ತಲೆಗೆ ಹೋಗಲಿಲ್ಲ. ಗೀತಾ ಮತ್ತೆ ಬಿಡಿಸಿ ಹೇಳಿದಳು. ಇಷ್ಟು ವರ್ಷ ಒಗೆದವರು ಇವರು, ಗುತ್ತಿಗೆ ಅವನ ಹೆಸರಲ್ಲಿ. ಆದ್ದರಿಂದ ಸರ್ಕಾರದ ಲೆಕ್ಕದಲ್ಲಿ ಒಗೆದವನು ಅವನು.

"ಆ ಹಾಟ್ಯಾನ ಮಗ ಜೀವಮಾನದಾಗ ತನ್ನ ಚಡ್ಡಿ ಒಗದಿಲ್ಲ!" ಎಂದು ದ್ರಾಕ್ಷಾಯಿಣಿ ನೆಲಕ್ಕೆ ಕೈ ಬಡಿದಳು.

ಶಿವವ್ವನಿಗೆ ನಗು ಬಂತು. ಬಂದ ನಗು ನಿಲ್ಲಲಿಲ್ಲ, ಕೆಮ್ಮಾಯಿತು, ಕಣ್ಣೀರಾಯಿತು. ಅನೀಸನಿಗೆ ಫೋನು ಹಚ್ಚಿದರು. ಶರತ್ತು ಏನು ಹಾಕಬೇಕು ಅನ್ನುವುದು ಆಫೀಸಿನವರ ಇಚ್ಛೆ, ಕೋರ್ಟು ಅದರಲ್ಲಿ ಕೈ ಹಾಕುವುದು ಕಡಿಮೆ ಎಂದ. ಆದರೂ ಅರ್ಜಿ ಹಾಕೋಣ, ನೋಡೋಣ ಎಂದ. ಮೂರು ವರ್ಷದ ಅನುಭವ ಬೇಕು, ಕೆಲಸ ಸಿಕ್ಕರೆ ಅನುಭವ, ಅನುಭವ ಇದ್ದರೆ ಕೆಲಸ. ಶಿವವ್ವ ಎಷ್ಟು ಯೋಚಿಸಿದರೂ ಇದರಿಂದ ಹೊರಬರುವ ಬಾಗಿಲು ಕಾಣಲಿಲ್ಲ.

ಇದನ್ನೇ ಕಾಯುತ್ತಿದ್ದವನಂತೆ ಭೀಮಶಿ ಬಂದ. ಕೈಯಲ್ಲಿ ಚೀಲ, ಚೀಲದಲ್ಲಿ ನೀಲಿ ಕೋಟುಗಳು, ಬೆನ್ನ ಮೇಲೆ ಶೇಟನ ಕಂಪನಿಯ ಹೆಸರು. ಒಳಗೆ ಬರಲಿಲ್ಲ. ಅಂಗಳದಲ್ಲಿ ಸ್ಕೂಟರಿನ ಮೇಲೆಯೇ ಕೂತು ಮಾತಾಡಿದ.

"ಶಿವವ್ವಾ, ಆದದ್ದ ಆತು. ಶೇಟ್ರು ಮನಸಿನ್ಯಾಗ ಏನೂ ಇಟ್ಕೊಂಡಿಲ್ಲ. ಎಲ್ಲಾರೂ ಬಂದ್ಬಿಡ್ರಿ. ಆ ದ್ರಾಕ್ಷಾಯಿಣಿ ಒಬ್ಬಾಕಿ ಬ್ಯಾಡ."

"ಯಾಕ್ರೀ ಗೌಡ್ರ?"

"ಆಕಿ ಬಾಯಿ ಭಾಳ ಉದ್ದ. ಮತ್ತ ದವಾಖಾನಿ ದೊಡ್ಡ ಸಾಹೇಬ್ರ ಮುಂದ ಬಂದು, ನಮಗ ಯಾರೋ ತಲಿ ಕೆಡಸಿದ್ರು, ತಪ್ಪಾತು ಅಂತ ಒಂದ್ ಮಾತ ಹೇಳಬೇಕು. ಅಷ್ಟ." ಆಮೇಲೆ ಹಲ್ಲು ಕಿರಿದ. "ಶೇಟ್ರು ಚ್ಯಾಷ್ಟಿ ಮಾಡತಿದ್ರು. ಈ ಸಲ ನಮ್ಮ ಲಕೋಟಿಗೂ ಒಂದೀಟು ಕುಂಕುಮ ಹಚ್ಚಿ ಕೊಡು ಅನ್ನು ಅಂದ್ರು."

"ಗ್ಲೌಸು?"

"ಅದೆಲ್ಲಾ ನೋಡೂಣು. ಮೊದಲ ಬರ್ರಿ."

ಶಿವವ್ವ ಚೀಲ ಮುಟ್ಟಲಿಲ್ಲ. ಬೇಡ ಎಂದೂ ಹೇಳಲಿಲ್ಲ. ನಿಜ ಹೇಳಬೇಕೆಂದರೆ, ಹೇಳುವ ಧೈರ್ಯ ಆಗಲಿಲ್ಲ. ಹೆಂಗಸರಲ್ಲಿ ಕೆಲವರಿಗೆ ಒಲೆ ಹಚ್ಚುವುದೇ ಕಷ್ಟವಾಗಿತ್ತು. ಭೀಮಶಿ ಚೀಲವನ್ನು ಮನೆಮುಂದಿನ ಕಟ್ಟೆಯ ಮೇಲೆ ಇಟ್ಟು ಸ್ಕೂಟರು ತಿರುಗಿಸಿದ.

ಮರುದಿನ ಬೆಳಿಗ್ಗೆ ಗೀತಾಗೆ ಹೆರಿಗೆ ಬೇನೆ ಶುರುವಾಯಿತು. ರಿಕ್ಷಾದಲ್ಲಿ ಅದೇ ದವಾಖಾನೆಗೆ ಒಯ್ದರು. ಬೇರೆ ಎಲ್ಲಿಗೆ ಒಯ್ಯಬೇಕು?

ಹೆರಿಗೆ ವಾರ್ಡಿನ ಮಂಚಗಳ ಮೇಲೆ ಚಾದರಿರಲಿಲ್ಲ. ಬರೀ ರೆಕ್ಸಿನ್. ಗೀತಾಗೆ ತೋರಿಸಿದ ಮಂಚದ ಮೇಲೆ ಹಿಂದಿನವಳ ರಕ್ತ ಅರ್ಧ ಒರೆಸಿತ್ತು, ಅಂಚಿನಲ್ಲಿ ಒಣಗಿ ಕಪ್ಪಾಗಿತ್ತು. ಶಿವವ್ವ ತನ್ನ ಸೆರಗಿನಿಂದ ಒರೆಸಿದಳು. ಮನೆಯಿಂದ ತಂದ ಕೌದಿ ಹಾಸಿದಳು. ಮಧ್ಯಾಹ್ನದ ಹೊತ್ತಿಗೆ ಹೆಣ್ಣುಕೂಸು ಹುಟ್ಟಿತು. ಗಟ್ಟಿಯಾಗಿ ಅತ್ತಿತು. ಆದರೆ ಗೀತಾಗೆ ರಕ್ತ ಬಹಳ ಹೋಯಿತು. ಕೌದಿ ತೊಯ್ದಿತು, ತಂದ ಎರಡು ಹಳೆ ಸೀರೆಗಳೂ ತೊಯ್ದವು. ಡಾಕ್ಟರು ಬಂದು ಇಂಜೆಕ್ಷನ್ ಕೊಟ್ಟು ರಕ್ತ ನಿಲ್ಲಿಸಿದರು. ಗೀತಾ ಒದ್ದೆ ರೆಕ್ಸಿನ್ನಿನ ಮೇಲೆ ಹಲ್ಲು ಕಟಕಟಿಸುತ್ತಾ ಮಲಗಿದಳು.

"ಯವ್ವಾ, ಥಂಡಿ," ಎಂದಳು.

ಪಕ್ಕದ ಮಂಚಗಳಲ್ಲೂ ಅದೇ. ಒಬ್ಬಳು ಇಲ್ಲೇ ಗೋವೆಯ ಕುರ್ಟಿಯ ಕಡೆಯವಳು, ಒಬ್ಬಳು ಬಿಹಾರದ ಹುಡುಗಿ, ಇಬ್ಬರೂ ತಮ್ಮ ತಮ್ಮ ಬಟ್ಟೆಯಲ್ಲೇ ತೊಯ್ದು ಮಲಗಿದ್ದರು. ನರ್ಸು ಶಿವವ್ವನ ಗುರುತು ಹಿಡಿದಳು. ಬಂದು ಕೈ ಹಿಡಿದುಕೊಂಡಳು. ಹರುಕು ಹಿಂದಿಯಲ್ಲಿ ಬೇಡಿಕೊಂಡಳು: ನೀವು ಇದ್ದಾಗ ಎಷ್ಟು ಚೆನ್ನಾಗಿತ್ತು, ಇವರನ್ನು ನೋಡು, ಏನಾದರೂ ಮಾಡು.

ಶಿವವ್ವ ಮಗಳ ಬಟ್ಟೆಗಳನ್ನು ಉಂಡೆ ಮಾಡಿಕೊಂಡಳು. ಪಕ್ಕದವರಿಬ್ಬರ ಬಟ್ಟೆಯನ್ನೂ ಕೇಳಿ ಈಸಿಕೊಂಡಳು. ಕಾಲುಗಳು ತಾವಾಗಿಯೇ ಹಿಂದಿನ ಕಟ್ಟೆಗೆ ಹೋದವು. ಕೂಸು ನೋಡಲೆಂದು ಬಂದ ದ್ರಾಕ್ಷಾಯಿಣಿ, ಹೇಮಿಬಾಯಿ ದಾರಿಯಲ್ಲಿ ಜೊತೆಯಾದರು.

ಭೀಮಶಿ ಅಡ್ಡ ನಿಂತ.

"ಇಲ್ಲಿ ಒಗೀಬ್ಯಾಡ. ಕೋರ್ಟಿನ ಆರ್ಡರ್ ಐತಿ. ಈ ಕಟ್ಟಿ ಶೇಟ್ರದು."

"ನನ್ನ ಮಗಳ ಬಟ್ಟಿರಿ ಗೌಡ್ರ. ಹಸಿ ಬಾಣಂತಿ, ಥಂಡಿ ಹತ್ತೇತಿ."

"ಒಗಿ. ಯಾರ್ ಬ್ಯಾಡಂದ್ರು? ಕೋಟು ಹಾಕ್ಕೊಂಡು ಒಗಿ." ಶವಾಗಾರದ ಗೋಡೆಗೆ ಒರಗಿದ ಗಂಟುಗಳ ಕಡೆ ಕೈ ಮಾಡಿದ. ಅವುಗಳ ಮೇಲೆ ನೊಣ ಗುಂಯ್ ಎನ್ನುತ್ತಿತ್ತು. "ಇವನ್ನೂ ಒಗಿ. ಸಂಜಿಗೆ ನಿನ್ನ ಮಗಳಿಗೆ ಬೆಳ್ಳನ ಚಾದರ ಹಾಸಸ್ತೇನಿ. ಇವ್ಳನ್ನ ಮಾತ್ರ ಹೊರಗ ಕಳಿಸು."

ಇವಳು ಎಂದರೆ ದ್ರಾಕ್ಷಾಯಿಣಿ. ಅವಳು ಶಿವವ್ವನ ಮುಖ ನೋಡಿದಳು. ನೋಡಿ, ತಾನೇ ತಲೆ ತಗ್ಗಿಸಿದಳು.

"ಯಕ್ಕಾ, ಹಾಕ್ಕೋ. ಕೂಸಿನ ಸಲುವಾಗಿ ಹಾಕ್ಕೋ. ನಾ ಹೋಗತೇನಿ, ನನಗೇನೂ ಸಿಟ್ಟಿಲ್ಲ," ಎಂದಳು.

ಅದೇ ಮಾತು ಶಿವವ್ವನನ್ನು ಇರಿದದ್ದು. ಬಾಯಿ ಉದ್ದದವಳು, ಯಾರಿಗೂ ಬಗ್ಗದವಳು, ಇಂದು ತನ್ನ ಸಲುವಾಗಿ ತಲೆ ತಗ್ಗಿಸಿ ನಿಂತಿದ್ದಾಳೆ! ಶಿವವ್ವ ಅವಳ ರಟ್ಟೆ ಹಿಡಿದಳು.

"ನಡಿ," ಎಂದಳು.

ದವಾಖಾನೆಯ ಮುಂಬಾಗಿಲಿನ ಹತ್ತಿರ, ಕಾರುಗಳು ಬಂದು ನಿಲ್ಲುವಲ್ಲಿ, ಹೂಗಿಡಗಳಿಗೆ ನೀರು ಬಿಡುವ ಒಂದು ನಲ್ಲಿ ಇದೆ. ಶಿವವ್ವ ಅಲ್ಲಿಗೆ ಹೋಗಿ ಕುಕ್ಕರುಗಾಲಲ್ಲಿ ಕೂತಳು. ನಲ್ಲಿ ತಿರುಗಿಸಿದಳು. ಕೌದಿ ಬಿಚ್ಚಿ ನೀರಿಗೆ ಹಿಡಿದಳು. ಫರಸಿ ಕಲ್ಲಿನ ನೆಲದ ಮೇಲೆ ಕೆಂಪು ಹರಿಯಿತು. ದ್ರಾಕ್ಷಾಯಿಣಿ ಒಂದು ಸೀರೆ ತೆಗೆದುಕೊಂಡಳು, ಹೇಮಿಬಾಯಿ ಇನ್ನೊಂದು. ಮೂವರೂ ತಿಕ್ಕತೊಡಗಿದರು. ಒಳಗೆ ಹೋಗುತ್ತಿದ್ದವರು ಮೂಗು ಮುಚ್ಚಿಕೊಂಡು ಸೀರೆ, ಪ್ಯಾಂಟು ಎತ್ತಿ ದಾಟಿದರು. ಯಾರೋ ಫೋನು ತೆಗೆದು ಚಿತ್ರ ಹಿಡಿದರು.

ದೊಡ್ಡ ಸಾಹೇಬರು ಓಡಿಬಂದರು. ಹಿಂದೆ ವಾಚಮನ್, ಅವನ ಹಿಂದೆ ಭೀಮಶಿ.

"ಯೇ ಕ್ಯಾ ತಮಾಶ ಹೈ? ಇಲ್ಲಿ ಒಗಿಯೋ ಹಾಗಿಲ್ಲ. ಕೋರ್ಟ್ ಆರ್ಡರ್ ಇದೆ. ನನ್ನ ಮೇಲೆ ಬರುತ್ತೆ!"

"ಹುಟ್ಟಿದಾಗಿಂದ ಒಗಿ ಅಂದ್ರಿ, ಒಗದ್ವಿ," ಎಂದಳು ಶಿವವ್ವ. ತಲೆ ಎತ್ತಲಿಲ್ಲ, ಕೈ ನಿಲ್ಲಿಸಲಿಲ್ಲ. "ಊರಾಗ ಒಗದ್ವಿ, ಇಲ್ಲಿ ಒಗದ್ವಿ. ಯಾರೂ ಮುಟ್ಟದ್ದನ್ನ ಮುಟ್ಟಿದ್ವಿ. ಇವತ್ತು ನನ್ನ ಮಗಳ ರಗತ ನಾ ಮುಟ್ಟಬಾರದು ಅಂತೀರಿ. ಯಾವ ಕೋರ್ಟ್ ಅಂದೈತ್ರಿ ಸಾಹೇಬ್ರ? ನಾ ಅಲ್ಲೇ ಇದ್ದೆ. ಜಡ್ಜ್ ಸಾಹೇಬ್ರು ಹಂಗ ಅನ್ನಲಿಲ್ಲ."

"ನಲ್ಲಿ ಬಂದ್ ಮಾಡೋ!"

ವಾಚಮನ್ ಗೋಡೆಯ ಹಿಂದೆ ಹೋಗಿ ಎಲ್ಲೋ ಏನೋ ತಿರುಗಿಸಿದ. ನೀರು ಸಣ್ಣಗಾಯಿತು, ಹನಿಯಾಯಿತು, ನಿಂತಿತು.

ಕೌದಿಯ ಕಲೆ ಇನ್ನೂ ಹೋಗಿರಲಿಲ್ಲ. ನಡುವೆ ಅಗಲವಾಗಿ ಕೆಂಪು ಹಾಗೇ ಇತ್ತು. ಶಿವವ್ವ ನಲ್ಲಿಯನ್ನು ನೋಡಿದಳು. ಬಟ್ಟೆಯನ್ನು ನೋಡಿದಳು. ಕಲೆ ಹೋಗದ ಬಟ್ಟೆಯನ್ನು ಅವಳು ಜೀವಮಾನದಲ್ಲಿ ಹಗ್ಗಕ್ಕೆ ಹಾಕಿದವಳಲ್ಲ. ಅವಳ ಅವ್ವ ಹಾಕಿದವಳಲ್ಲ. ಹಾಕಿದರೆ ಕುಲಕ್ಕೇ ಅವಮಾನ ಎಂದು ಕಲಿತವರು. ಎದ್ದಳು. ಕೌದಿಯನ್ನು ಎರಡು ಕೈಯಲ್ಲಿ ಹಿಂಡಿದಳು. ಮುಂಬಾಗಿಲಿನ ಹೊಳೆಯುವ ಸ್ಟೀಲ್ ಕಟಾಂಜನದ ಮೇಲೆ ಅಗಲವಾಗಿ ಹರವಿದಳು, ಕಲೆ ರಸ್ತೆಗೆ ಕಾಣುವಂತೆ ಹರವಿದಳು. ದ್ರಾಕ್ಷಾಯಿಣಿ ಸೀರೆ ಹರವಿದಳು. ಹೇಮಿಬಾಯಿ ಹರವಿದಳು. ಬಿಹಾರದ ಹುಡುಗಿಯ ಲಂಗ, ಕುರ್ಟಿಯವಳ ನೈಟಿ, ಎಲ್ಲವೂ ಸಾಲಾಗಿ ಕೆಂಪು ತೊಟ್ಟಿಕ್ಕಿದವು. ರಸ್ತೆಯಲ್ಲಿ ಬಸ್ಸೊಂದು ನಿಧಾನ ಮಾಡಿತು. ಕಿಟಕಿಗಳಿಂದ ತಲೆಗಳು ಹೊರಬಂದವು.

ಸಾಹೇಬರ ಮುಖ ಬಿಳಿಚಿತು. "ತೆಗಿ ಅದನ್ನ!" ಎಂದು ವಾಚಮನ್‌ನ ಮೇಲೆ ಕೂಗಿದರು.

ವಾಚಮನ್ ಹತ್ತಿರ ಹೋದ. ನೋಡಿದ. ಕೈಗಳನ್ನು ಹಿಂದೆ ಕಟ್ಟಿಕೊಂಡ.

"ಭೀಮಶಿ!"

"ಬಾಣಂತಿ ಬಟ್ಟಿರಿ ಸಾಹೇಬ್ರ," ಎಂದು ಭೀಮಶಿ ಎರಡು ಹೆಜ್ಜೆ ಹಿಂದೆ ಸರಿದ. "ನಮ್ಮ ಮಂದಿ ಮುಟ್ಟೂದಿಲ್ರಿ."

ವಾರ್ಡ್‌ಬಾಯ್ ಬಾಗಿಲಲ್ಲೇ ನಿಂತ. ಸಾಹೇಬರು ತಾವೇ ಒಂದು ಕೈ ಮುಂದೆ ಚಾಚಿದರು. ಚಾಚಿದ ಕೈ ಅರ್ಧದಲ್ಲೇ ನಿಂತಿತು. ಯಾರೂ ಮುಟ್ಟಲಿಲ್ಲ. ನೆರೆದ ಮಂದಿಯ ಮುಂದೆ ಆ ಬಟ್ಟೆಗಳು ಹಾಗೇ ತೂಗುತ್ತಿದ್ದವು.

ಇನ್ನು ಪೊಲೀಸರು ಬರುತ್ತಾರೆ, ಶಿವವ್ವನಿಗೆ ಗೊತ್ತಿತ್ತು. ಹೊಸ ಟೆಂಡರು ಶೇಟನಿಗೇ ಹೋಗುತ್ತದೆ, ಅದೂ ಗೊತ್ತಿತ್ತು. ಈ ದವಾಖಾನೆಯ ಕಟ್ಟೆ ಇನ್ನು ಈ ಜನ್ಮದಲ್ಲಿ ಇಲ್ಲ. ಒಳಗೆ ಗೀತಾ ಒದ್ದೆಯಲ್ಲೇ ಮಲಗಿದ್ದಳು. ಉಟ್ಟ ಸೀರೆಯ ಸೆರಗನ್ನು ಹರಿದಾದರೂ ಮಗಳಿಗೆ ಹಾಸಬೇಕು ಎಂದುಕೊಂಡಳು ಶಿವವ್ವ.

ಸಾಹೇಬರು ಅವಳ ಕಡೆ ತಿರುಗಿದರು. ದನಿ ಇಳಿದಿತ್ತು.

"ಶಿವವ್ವಾ, ನೀನೇ ತೆಗಿಯಮ್ಮ."

"ಒಲ್ಲೆ," ಎಂದಳು ಶಿವವ್ವ.